ಎಡಚಿಯ ಪಾಲು

“ಥೂ! ಒಳಗೇನು ಹೆಣ ಇಟ್ಕೊಂಡಿದೀರೇನ್ರೋ?”

ಅಳತೆ ಸಾಹೇಬ ಕರವಸ್ತ್ರವನ್ನು ಮೂಗಿಗೆ ಒತ್ತಿಕೊಂಡು ಹೊಸ್ತಿಲಲ್ಲೇ ನಿಂತುಬಿಟ್ಟ. ಮೊಣಕೈವರೆಗೆ ಸುಣ್ಣದ ತೊಟ್ಟಿಯಲ್ಲಿ ಕೈ ಮುಳುಗಿಸಿ ಹಸಿ ತೊಗಲು ತಿರುವುತ್ತಿದ್ದ ಎಡಚಿ ತಲೆ ಎತ್ತಲಿಲ್ಲ. ಅವನ ಕಾಲಿನ ಬೂಟೂ ಒಂದು ಕಾಲಕ್ಕೆ ಹೀಗೇ ನಾರುತ್ತಿತ್ತೆಂದು ಅವನಿಗೆ ಹೇಳುವವರು ಯಾರು?

ಎಡಚಿಯ ಮತ್ತು ಅವಳ ಗಂಡನ ವ್ಯಾಜ್ಯ ಎರಡು ವರ್ಷ ಎಳೆದಾಡಿ, ಇಬ್ಬರ ಹೆಸರಲ್ಲೂ ಇದ್ದ ಈ ತೊಗಲು ಹದಮಾಡುವ ಶೆಡ್ಡನ್ನು ಸಮಪಾಲು ಮಾಡಿ ಬಾ ಎಂದು ಕೋರ್ಟು ಸಾಹೇಬನನ್ನು ಕಳಿಸಿತ್ತು. ಇನ್ನೊಬ್ಬಳ ಮನೆ ಸೇರಿದ ಮೇಲೆ ಗಂಡ ಇತ್ತ ಕಾಲಿಟ್ಟದ್ದು ಇವತ್ತೇ. ಮೈಮೇಲೆ ಇಸ್ತ್ರಿ ಅಂಗಿ, ಕೈಯಲ್ಲಿ ಸಾಹೇಬನಿಗೊಂದು ಕುರ್ಚಿ. ವಾಸನೆ ಕಮ್ಮಿ ಇದ್ದ ಹಿಂಬದಿಗೆ ಕರೆದೊಯ್ದು ಕೂರಿಸಿದ. ಎಡಚಿಗೆ ಬೇಕಿದ್ದದ್ದು ಇಷ್ಟೇ: ದುಡಿದು ತಿನ್ನಲಿಕ್ಕಾಗುವಂಥ ಅರ್ಧ.

“ನಿನ್ನ ಕಸುಬೇನಮ್ಮ?” ಸಾಹೇಬ ಕುಳಿತಲ್ಲಿಂದಲೇ ಕೇಳಿದ.

“ಮನೆಗೆಲ್ಸ ಅಂತ ಬರ್ಕೊಳಿ ಸಾ,” ಎಂದ ಗಂಡ. “ಆಗೀಗ ಇಲ್ಲಿ ನಂಗೆ ಕೈನೆರವು.”

ಎಡಚಿಯ ನಾಲ್ಕು ಬೆರಳಿಗೆ ಉಗುರೇ ಇರಲಿಲ್ಲ. ಸುಣ್ಣ ತಿಂದಿತ್ತು.

“ಕೈನೆರವಾ? ನಿನ್ ಬಾಯಿಗೆ ಹುಳ ಬೀಳ, ಹಲ್ಕಟ್ ನನ್ಮಗನೇ!” ಎಂದವಳೇ ತೊಟ್ಟಿಯಿಂದ ಒಂದು ತೊಗಲನ್ನು ಎಳೆದೊಯ್ದು ಸಾಹೇಬನ ಕಾಲ ಬಳಿ ಹಾಸಿದಳು. ಲೋಳೆ ಸಿಡಿಯಿತು. “ಕತ್ತಿ ಗೀರು ನೋಡಿ ಸಾಹೇಬ್ರೆ. ಬಲಗೈನೋರು ಹೆರೆದ್ರೆ ಈ ಕಡೆ ವಾಲತ್ತೆ. ಇದು ಆ ಕಡೆ ವಾಲಿದೆ. ಇರೋ ಮೂವತ್ತು ತೊಗಲನ್ನೂ ತೆಗ್ದು ತೋರಿಸ್ಲಾ? ಈ ಶೆಡ್ಡಲ್ಲಿ ಎಡಗೈಯವಳು ನಾನೊಬ್ಳೇ.”

ಸಾಹೇಬ ಕುರ್ಚಿ ಸಮೇತ ಹಿಂದೆ ಸರಿದ. “ಕೋರ್ಟಿಗೆ ಕಾಗದ ಬೇಕಮ್ಮ, ತೊಗಲಲ್ಲ. ತೆಗಿ ಇದನ್ನ, ವಾಂತಿ ಬರತ್ತೆ.”

“ಹುಟ್ಟಾ ಕೊಳಕು ಸಾ. ಇಪ್ಪತ್ತು ವರ್ಷ ಪಕ್ಕದಲ್ಲಿ ಮಲಗಿದೀನಿ, ನನ್ನನ್ನ ಕೇಳಿ!”

ಗಂಡಸರಿಬ್ಬರೂ ನಕ್ಕರು.

ಬೀದಿಯ ಕಡೆ ಎರಡು ಸುಣ್ಣದ ತೊಟ್ಟಿ, ಹಿಂದೆ ಮರದ ತೊಗಟೆ ನೆನೆಸಿದ ನೀರಿನ ಎರಡು ತೊಟ್ಟಿ, ನಡುವೆ ಮೊಣಕಾಲೆತ್ತರದ ಕಟ್ಟೆ. ಸಾಹೇಬ ಕಟ್ಟೆಯ ಮೇಲೆ ಸೀಮೆಸುಣ್ಣದ ಗೆರೆ ಎಳೆದ. “ಸುಣ್ಣದ್ದು ಆಕೆಗೆ, ತೊಗಟೇದು ಇವನಿಗೆ. ಎರಡೆರಡು. ಸಮ.”

ಎಡಚಿ ಗೆರೆಗೆ ಅಡ್ಡ ಬಂದಳು. ಸುಣ್ಣದಿಂದೆದ್ದ ತೊಗಲು ತೊಗಟೆ ನೀರಿಗೆ ಬೀಳದಿದ್ದರೆ ಕೊಳೆತು ಹುಳವಾಗುತ್ತದೆ. “ಸ್ವಾಮಿ, ಇದು ಒಂದೇ ಹಾದಿ. ಅರ್ಧ ಹಾದಿ ಇಟ್ಕೊಂಡು ನಾನೆಲ್ಲಿಗೆ ಹೋಗ್ಲಿ? ಅದರದೊಂದು ಇದರದೊಂದು ಕೊಡಿ.”

“ಗೆರೆ ಸೊಟ್ಟ ಆಗತ್ತೆ. ನಕ್ಷೆ ಕೆಡತ್ತೆ.”

“ಹೆರೆದು ನಂಗೇ ತಂದು ಹಾಕ್ಲಿ ಬಿಡಿ, ಕೂಲಿ ಬಿಸಾಕ್ತೀನಿ,” ಎಂದ ಗಂಡ.

“ಮೋರಿನೂ ಬೀದಿ ಕಡೆ. ಅದೂ ಆಕೆಗೇ,” ಎಂದು ಸಾಹೇಬ ಬರೆದುಕೊಂಡ.

“ಅವಳೇ ಇಟ್ಕೊಳ್ಲಿ ಸಾ. ಗಲೀಜು ಬಳಿಯೋದು ಅವಳಿಗೇ ಒಗ್ಗೋದು.”

ಎಡಚಿ ನೆಲದ ಇಳಿಜಾರು ನೋಡಿದಳು. ಹಿಂದಿನ ತೊಟ್ಟಿಗಳ ನೀರು ಮೋರಿಗೆ ಬರುವ, ಕಟ್ಟೆಯ ಬುಡದ ಕಿಂಡಿ ನೋಡಿದಳು. ಆಮೇಲೆ ಮೆಲ್ಲಗೆ ಕೇಳಿದಳು: “ಮೋರಿ ಯಾರದು ಅಂತ ಬರ್ದಿದೀರಿ? ಇನ್ನೊಂದ್ಸಲ ಓದಿ.”

“ನಿಂದೇ ಕಣಮ್ಮ, ಪೂರ್ತಿ ನಿಂದೇ. ಒತ್ತು ಹೆಬ್ಬೆಟ್ಟು.”

ಒತ್ತಿದಳು.

ತನ್ನ ಪಾಲು ಕೈಸೇರಿದ ಗತ್ತಿನಲ್ಲಿ ಗಂಡ ಅಲ್ಲೇ ಎರಡೂ ತೊಟ್ಟಿಗಳ ಬಿರಡೆ ಕಿತ್ತ. ಹಳೇ ನೀರು ಚೆಲ್ಲಿ ಹೊಸದು ತುಂಬಿಸುವುದಿತ್ತು. ರಕ್ತದ ಬಣ್ಣದ ನೀರು ಕಿಂಡಿಯತ್ತ ನುಗ್ಗಿತು. ಎಡಚಿ ಹೆರೆದು ಬಿದ್ದಿದ್ದ ಮಾಂಸ, ಕೊಬ್ಬು, ಕೂದಲನ್ನು ಬೊಗಸೆ ಬೊಗಸೆ ಬಾಚಿ ತನ್ನ ಕಡೆಯಿಂದ ಕಿಂಡಿಗೆ ತುರುಕಿದಳು. ಹಿಮ್ಮಡಿಯಿಂದ ತುಳಿದು ಗಟ್ಟಿಮಾಡಿದಳು.

ನೀರು ನಿಂತಿತು. ಹಿಂದಕ್ಕೆ ತಿರುಗಿತು. ಸಾಹೇಬನ ಬೂಟು ಮುಳುಗಿತು, ಆಮೇಲೆ ಪ್ಯಾಂಟಿನ ಅಂಚು. ಅವನು ಕಾಗದ ಎತ್ತಿ ಹಿಡಿದು ಕುರ್ಚಿ ಹತ್ತಿದ. ಕರವಸ್ತ್ರ ಜಾರಿ ನೀರಿಗೆ ಬಿತ್ತು.

“ಬಿಡೇ ನೀರು, ಮುಂಡೆ!” ಗಂಡ ಕೆಸರಲ್ಲಿ ಬಿರಡೆಗೆ ತಡಕಾಡುತ್ತ ಕಿರುಚಿದ.

“ನನ್ನ ಮೋರಿ ಕಣೋ,” ಎಂದಳು ಎಡಚಿ. ಹೆರೆಯುವ ಕತ್ತಿಯನ್ನು ಗೆರೆಯ ಮೇಲಿಟ್ಟು, ಕಿಂಡಿಗೆ ಬೆನ್ನು ಕೊಟ್ಟು ಕುಳಿತಳು.