ಯಾರೂ ಇಲ್ಲದ ಊರು

ಎರಡನೇ ಮಹಾಯುದ್ಧ ಮುಗಿದ ಮರುವರ್ಷ ಬೂದಿಗೆರೆ ಮಗ್ಗುಲಿನ ಒಂದು ಊರಲ್ಲಿ ಹೊರಬೀಡು. ಮಾರಮ್ಮನಿಗೆ ಊರು ಬಿಟ್ಟುಕೊಡುವ ದಿನ. ಬೆಳಗಾಗುತ್ತಲೇ ಜನ, ದನ, ಕೋಳಿ ಎಲ್ಲ ಊರಾಚೆಯ ತೋಪು ಸೇರಬೇಕು. ಕೋಳಿಯನ್ನೂ ಮರೆಯದ ಅಮ್ಮಯಮ್ಮ ಸೊಸೆ ಗಂಗಲಕ್ಷ್ಮಮ್ಮನನ್ನು ಮಾತ್ರ ರಾಗಿ ಕೋಣೆಯಲ್ಲೇ ಬಿಟ್ಟು ಹೋದಳು. ತವರಿಗೆ ಹೋಗ್ತೀನಿ ಎಂದು ಹಟ ಹಿಡಿದ ದಿನದಿಂದ ಅವಳಿಗೆ ಬೀಗ. ಊರಿಗೆಲ್ಲ ಮಾತ್ರ, "ಸೊಸೆ ತವರಿಗೋಗವ್ಳೆ." ಎಂಥ ಬಾಯಿ ನೋಡಿ! ಗಂಡ ರಾಮಾಂಜಿನಪ್ಪನೋ, ಅವ್ವ ಹಾಕಿದ ಗೆರೆ ದಾಟದ ಗಂಡು.

ಅತ್ತೆ ಕಾವಲಿಲ್ಲದ ದಿನ ಇದೊಂದೇ. ಇವತ್ತು ಯಾರಿಗೂ ಕೇಳಿಸದಿದ್ದರೆ ಇಲ್ಲೇ ತನ್ನ ಮಣ್ಣು ಎಂದು ಗಂಗಲಕ್ಷ್ಮಮ್ಮ ಕಿಂಡಿಗೆ ಮುಖ ಒತ್ತಿದಳು. ಮನೆ ಊರಬಾಗಿಲಿಗೆ ಅಂಟಿಕೊಂಡೇ ಇತ್ತು. ಯಾರೂ ಒಳಗೆ ಬರದಂತೆ ಊರಬಾಗಿಲಿಗೆ ಹಾಕಿದ ಮುಳ್ಳಿನಾಚೆ ಪೇಟೆಯ ನರಸಿಂಹಯ್ಯ ಕೀ ಕೊಟ್ಟು ಓಡಿಸುವ ಸಿನಿಮಾ ಕ್ಯಾಮೆರಾ ಹೂಡಿದ್ದ. ಪಕ್ಕದಲ್ಲಿ ದಾರಿ ತೋರಿಸಲು ಬಂದ ಊರಿನ ಬೈರಣ್ಣ.

"ಕತೆ ಬೇಡ ಬೈರಣ್ಣ, ನಾಯಕಿ ಬೇಡ. ಜನ ಇಲ್ಲದಾಗ ಗೋಡೆ, ನೆರಳು, ಬಯಲು ಹೇಗೆ ಕಾಣುತ್ತೆ, ಅಷ್ಟೇ ನನ್ನ ಚಿತ್ರ."

"ಅಣ್ಣೋ! ನಾನು ಗಂಗಲಕ್ಷ್ಮಿ! ಕೂಡಾಕವ್ರೆ!" ಕಿಂಡಿಯಿಂದ ಕೈ ಚಾಚಿ ಕೂಗಿದಳು.

ಬೈರಣ್ಣ ನರಸಿಂಹಯ್ಯನ ತೋಳು ಹಿಡಿದ. "ಓಗೊಡ್ಬ್ಯಾಡಿ ಸ್ವಾಮಿ! ಹೊರಬೀಡಿನ ದಿನ ಊರೊಳಗೆ ಕೂಗೋಳು ಮಾರಮ್ಮನೇ. ಆ ಹೆಣ್ಣು ತವರಲ್ಲವ್ಳೆ, ಅವಳ ದನಿ ತಗೊಂಡವ್ಳೆ ತಾಯಿ."

ನರಸಿಂಹಯ್ಯ ಕ್ಯಾಮೆರಾದಿಂದ ಕಣ್ಣು ತೆಗೆಯಲಿಲ್ಲ. "ಯಾರಮ್ಮಾ ಅದು? ಕೈ ಒಳಗೆ ತಗೊಳ್ಳಿ, ಖಾಲಿ ಊರು ಕೆಡುತ್ತೆ!"

ಗಂಗಲಕ್ಷ್ಮಮ್ಮ ಕೈ ಒಳಗೆಳೆದುಕೊಂಡಳು. ಒಬ್ಬನಿಗೆ ತಾನು ದೇವರು, ಇನ್ನೊಬ್ಬನಿಗೆ ಅಡ್ಡ. ಅಯ್ಯೋ, ಹೆಣ್ಣಿನ ಕೂಗು ಯಾವ ಗಂಡಿನ ಕಿವಿಗೆ ಬೀಳಬೇಕು? ಸೆರಗಿಂದ ಕಣ್ಣೊರೆಸಿ, ದನಿ ದಪ್ಪ ಮಾಡಿ ಗುಡುಗಿದಳು.

"ಲೇ ಬೈರಾ! ನನ್ನೂರಲ್ಲಿ ನನಗೇ ಬೀಗ ಏನ್ಲಾ? ಒಡಿಯೋ!"

ಬೈರಣ್ಣ ಮುಳ್ಳನ್ನು ತುಳಿದುಕೊಂಡೇ ಓಡಿಬಂದ. ಕಲ್ಲಿನಿಂದ ಬೀಗ ಜಜ್ಜಿದ; ಬಾಗಿಲು ತೆರೆದುಕೊಂಡಾಗ ಕಣ್ಣು ಮುಚ್ಚಿ ಅಡ್ಡಬಿದ್ದ. "ತಪ್ಪಾಯ್ತು ತಾಯೀ!"

ಅವನ ಪಕ್ಕದಿಂದ ಸರಿದು ಅವಳು ಬೀದಿಗೆ ಬಂದಳು. ಬಿಸಿಲಿಗೆ ಕಣ್ಣು ಬಿಡಲಾಗಲಿಲ್ಲ. ಕೆದರಿದ ತಲೆ, ಮೈಯೆಲ್ಲ ರಾಗಿ ಹೊಟ್ಟು. ನರಸಿಂಹಯ್ಯ ಈಗ ಕ್ಯಾಮೆರಾದಿಂದ ಕಣ್ಣು ತೆಗೆದ. ಕ್ಯಾಮೆರಾ ನಿಲ್ಲಿಸಲು ಕೈ ಹಾಕಿದ.

ತೋಪಿನ ಕಡೆಯಿಂದ ತಮಟೆ ಕೇಳುತ್ತಿತ್ತು. ಅವಳು ಕ್ಯಾಮೆರಾದ ನೇರಕ್ಕೆ ಬಂದು, ಮುಖದ ಮೇಲಿನ ಕೂದಲು ಸರಿಸಿ ನಿಂತಳು.

"ನಿಲ್ಲಿಸ್ಬ್ಯಾಡಿ ಸ್ವಾಮಿ. ನಾನು ಈ ಊರಲ್ಲೇ ಇದ್ದೆ ಅಂತ ಎಲ್ರಿಗೂ ಕಾಣ್ಲಿ."