ಗಿರಣಿಯ ಶ್ರುತಿ

ಕಾಳು ಸುರಿಯುವ ಮೊದಲು ನನ್ನ ಹಿಟ್ಟಿನ ಗಿರಣಿಯೊಳಗಿಂದ ಒಂದು ಸ್ವರ ಹೊರಡುತ್ತಿತ್ತು. ಮಗ ನಿಜಗುಣ ಜೋಳದ ಚೀಲಕ್ಕೆ ಒರಗಿ, ಆ ಗುಂಯ್‌ಗುಡುವಿಕೆಯನ್ನೇ ಶ್ರುತಿ ಮಾಡಿಕೊಂಡು ವಚನ ಹಾಡುತ್ತಿದ್ದ. ಪಾಳಿ ಬಂದವರೂ, "ಇರ್ಲಿ ಬಿಡ್ರಿ, ಹಾಡು ಮುಗೀಲಿ" ಎಂದು ಡಬ್ಬಿ ಹಿಡಿದು ನಿಲ್ಲುತ್ತಿದ್ದರು.

ಶಾಲೆಗಳ ಸ್ಪರ್ಧೆಯಲ್ಲಿ ಅವನು ಹಾಡು ಎತ್ತಿಕೊಂಡ ಸ್ವಲ್ಪದರಲ್ಲೇ ಮೈಕು ಕೆಟ್ಟಿತು. ಅದನ್ನು ಸರಿಮಾಡಿ, ತೀರ್ಪುಗಾರರೇ ಮತ್ತೆ ಮೊದಲಿನಿಂದ ಹಾಡಿಸಿದರು. ಕೊನೆಗೆ ಎರಡೂ ಸಲದ ಹೊತ್ತು ಕೂಡಿಸಿ, ಸಮಯ ಮೀರಿದನೆಂದು ಅಂಕ ಕಡಿದು ಎರಡನೆಯವನನ್ನಾಗಿ ಮಾಡಿದರು. ಕೇಳಲು ಹೋದರೆ, "ನಮ್ಮ ತೀರ್ಪೇ ಕೊನೆಯದು" ಎಂದರು. ಮರುದಿನ ಗಿರಣಿ ಗುಂಯ್ ಎಂದರೂ ಮಗ ಹಾಡಲಿಲ್ಲ. ಅನ್ಯಾಯ ಸರಿಯಾದರೆ ಹಾಡು ಮರಳಿ ಬಂದೀತೆಂದು ನಾನು ಕೋರ್ಟಿನ ಮೆಟ್ಟಿಲು ಹತ್ತಿದೆ.

ಸ್ಪರ್ಧೆಯ ದಿನ ಜನರ ನಡುವೆ ಕೂತು ನಾನು ಹಾಡು ತುಂಬಿಕೊಂಡಿದ್ದ ಕ್ಯಾಸೆಟ್ಟೇ ನಮಗಿದ್ದ ಸಾಕ್ಷಿ. ಅದನ್ನು ವಕೀಲ ಕೊಟ್ರೇಶಿಯವರು ಕೋರ್ಟಿಗೆ ಒಪ್ಪಿಸಿದರು.

"ಏನ್ ಸಾವ್ಕಾರ, ಹಾಡನ್ನೂ ಕೋರ್ಟಿಗೆ ಹಾಕಿ ಬೀಸಿಸ್ತೀಯಂತೆ?" ಎಂದು ಹಾಲಮ್ಮಜ್ಜಿ ಹಿಟ್ಟಿನ ಡಬ್ಬಿ ಇಡುತ್ತ ಕೆಣಕಿದಳು. "ನುಣ್ಣಗೆ ಬೀಸ್ತಾರೋ, ತರಿತರಿಯೋ?"

ನಾನೂ ನಕ್ಕೆ. ವಾಯಿದೆಯ ಮೇಲೆ ವಾಯಿದೆ ಬಿದ್ದು, ಮಗನ ಅಂಗಿಗಳು ಗಿಡ್ಡವಾಗುತ್ತ ಹೋದವು.

ಕೊನೆಗೊಮ್ಮೆ ನ್ಯಾಯಾಲಯದಲ್ಲಿ ಕ್ಯಾಸೆಟ್ ಹಾಕಿದರು. ಮೈಕಿಲ್ಲದೆಯೂ ಸಭೆಯ ತುದಿ ಮುಟ್ಟುತ್ತಿದ್ದ ಆ ಎಳೆ ದನಿಗೆ ನ್ಯಾಯಾಧೀಶರು ಪೆನ್ನು ಕೆಳಗಿಟ್ಟರು. "ಹೊಸ ತೀರ್ಪುಗಾರರ ಮುಂದೆ ಹುಡುಗ ಮತ್ತೆ ಹಾಡಲಿ" ಎಂದು ಆದೇಶವಾಯಿತು.

ಗಿರಣಿಗೆ ಓಡಿಬಂದೆ. "ಗೆದ್ವಿ ಕಣೋ! ಮತ್ತೆ ಹಾಡಬೇಕಂತೆ!"

ನಿಜಗುಣ ಹೆಗಲ ಮೇಲಿನ ಚೀಲ ಇಳಿಸಿದ. "ಯಾರು ಹಾಡೋದು, ಅಪ್ಪಾಜಿ?"

ದಿನವೂ ಕೇಳುತ್ತಿದ್ದ ದನಿಯೇ. ಆದರೆ ಆಗಷ್ಟೇ ಕ್ಯಾಸೆಟ್ಟಿನೊಳಗಿನ ದನಿಯನ್ನು ಕೇಳಿ ಬಂದಿದ್ದೆನಲ್ಲ, ಇದು ಒಡೆದು ದಪ್ಪವಾಗಿರುವುದು ಅವತ್ತು ಕಿವಿಗೆ ಬಿತ್ತು. ಹೋಗಿ ಗಿರಣಿ ಚಾಲೂ ಮಾಡಿದೆ. ಪಾಪ, ನನಗಾಗಿ ಅವನು ಹಳೆಯ ಎತ್ತರದಲ್ಲೇ ಶುರುಮಾಡಲು ನೋಡಿದ. ದನಿ ಅಲ್ಲಿಗೆ ಏರದೆ ನಡುವೆಯೇ ಕುಸಿಯಿತು.

"ಗಿರಣಿಗೆ ನೆಗಡಿ ಆಗೈತಿ" ಎಂದು ನಕ್ಕು ಮತ್ತೆ ಚೀಲ ಎತ್ತಿಕೊಂಡ.

ಮರುದಿನವೇ ವಕೀಲರ ಮುಂದೆ ನಿಂತೆ. "ತೀರ್ಪು ನೀವೇ ಇಟ್ಕೊಳ್ರಿ. ಆ ಕ್ಯಾಸೆಟ್ ವಾಪಸ್ ಕೊಡಿಸ್ರಿ ಸಾಕು."

"ಗೆದ್ದವರು ಹಿಂಗೆ ಕೇಳ್ತಾರೇನ್ರಿ? ಆ ಕಡೆಯವರು ಮೇಲ್ಮನವಿ ಹಾಕ್ತಿದಾರೆ. ಅದು ಮುಗಿಯೋತನಕ ಸಾಕ್ಷಿ ಅಲ್ಲೇ ಇರಬೇಕು."

ಇನ್ನೂ ಅಲ್ಲೇ ಇದೆ. ಮಗನೂ ಈಗ ದುಡಿಯುವ ಗಂಡಸು.

ಸಂಜೆ ಕಾಳೆಲ್ಲ ಮುಗಿದ ಮೇಲೂ ನಾನು ಗಿರಣಿಯನ್ನು ಕೂಡಲೇ ನಿಲ್ಲಿಸುವುದಿಲ್ಲ. "ಬರಿದೇ ಓಡಿಸಬ್ಯಾಡ್ರಿ, ಕಲ್ಲು ಸವೀತೈತಿ" ಎಂದು ಒಳಗಿನಿಂದ ನನ್ನಾಕೆ ಕೂಗುತ್ತಾಳೆ. ಹೂಂ ಎನ್ನುತ್ತೇನೆ. ಖಾಲಿ ಚೀಲಕ್ಕೆ ಒರಗಿ, ಒಂದು ಹಾಡಿನಷ್ಟು ಹೊತ್ತು ಅದನ್ನು ಹಾಗೇ ಓಡಲು ಬಿಡುತ್ತೇನೆ.