ಡೆಲ್ಫಿನಾ ಚಿಕ್ಕಮ್ಮ ಡೆಲ್ಫಿನಾ ಅಲ್ಲವೆಂದು ಠರಾವಾದದ್ದು

ಈರುಳ್ಳಿ ಹೊಲದಲ್ಲಿ ಕಳೆ ಕೀಳುವವರು ನಿಂತು ಕೆಲಸ ಮಾಡುವುದಿಲ್ಲ. ಕೂತೂ ಮಾಡುವುದಿಲ್ಲ. ಸಾಲಿನ ಆಚೆಗೊಂದು ಈಚೆಗೊಂದು ಮಂಡಿಯೂರಿ ತೆವಳಬೇಕು. ಷಿಕಾಗೋದ ದಕ್ಷಿಣಕ್ಕಿರುವ ನಮ್ಮ ನ್ಯೂ ಹೋರ್ನ್‌ನಲ್ಲಿ, ಟೆಕ್ಸಸ್‌ನಿಂದ ಬಂದ ಮೆಕ್ಸಿಕನ್ ಮೂಲದ ನಮ್ಮ ಜನ ಇಪ್ಪತ್ತೆರಡು ಬೇಸಿಗೆ ಹಾಗೆ ತೆವಳಿದರು. ಹೊಲ ಡಚ್ ಮೂಲದ ಬಿಳಿಯರಾದ ಬೂನ್‌ಸ್ಟ್ರಾ ಮನೆತನದ್ದು. ನಾವು ಇದ್ದದ್ದು ಅವರ ಈರುಳ್ಳಿ ಕೊಟ್ಟಿಗೆಗಳಲ್ಲಿ. ಒಂದು ಕೊಟ್ಟಿಗೆಗೆ ನಾಲ್ಕು ಸಂಸಾರ, ನಡುವೆ ಗೋಣಿತಾಟಿನ ಗೋಡೆ. ಎಲ್ಲರಿಗೂ ಸೇರಿ ಒಂದು ನಲ್ಲಿ.

ನನ್ನ ತಾಯಿಯ ತಂಗಿ ಡೆಲ್ಫಿನಾ ಓರ್ನೆಲಾಸ್ ಹನ್ನೊಂದು ವರ್ಷದವಳಿದ್ದಾಗ ಈರುಳ್ಳಿ ಸೊಪ್ಪು ಕತ್ತರಿಸುತ್ತ ಎಡಗೈಯ ಉಂಗುರ ಬೆರಳಿನ ಅರ್ಧ ಕಳೆದುಕೊಂಡಳು. ಮೇಸ್ತ್ರಿ ಓಡಿಬಂದ. ಬೆರಳು ನೋಡಲಿಲ್ಲ. ರಕ್ತ ತಾಗಿದ ಬುಟ್ಟಿಯನ್ನು ಬೇರೆ ಇಡಿಸಿ ಹೋದ.

ಆಮೇಲೆ ಹೆದ್ದಾರಿ ಬಂತು. ಹೊಲಗಳು ನಿವೇಶನಗಳಾದವು. ಕೊಟ್ಟಿಗೆಗಳಿದ್ದಲ್ಲಿ ಈಗ ಹಾಸಿಗೆ ಮಾರುವ ಅಂಗಡಿಯ ಪಾರ್ಕಿಂಗ್ ಇದೆ. ಹೊಲವಿದ್ದ ಬಡಾವಣೆಗೆ ‘ಈರುಳ್ಳಿ ಹೊಲ’ ಎಂದೇ ಹೆಸರಿಟ್ಟರು. ಅಲ್ಲಿ ಮನೆ ಮುಂದೆ ಈರುಳ್ಳಿ ಬೆಳೆಯುವುದು ನಿಷಿದ್ಧ. ಚಿಕ್ಕಮ್ಮ ತನ್ನ ಮನೆಯ ಮುಂದೆ ನಾಲ್ಕು ಗೆಡ್ಡೆ ಊರಿದ್ದಕ್ಕೆ ನಗರಸಭೆಯಿಂದ ನೋಟೀಸು ಬಂದಿತ್ತು: ‘ಊರಿನ ಲಕ್ಷಣಕ್ಕೆ ತಕ್ಕುದಲ್ಲದ ಗಿಡ.’

೧೯೯೪ರಲ್ಲಿ ಊರಿಗೆ ನೂರು ವರ್ಷ ತುಂಬಿತು. ನಾನು ನಗರಸಭೆಯ ಪಾರ್ಕುಗಳಲ್ಲಿ ಹುಲ್ಲು ಕತ್ತರಿಸುವ ಕೆಲಸದವನು. ಸಭಾಭವನದ ಮುಂದೆ ಕಂಚಿನ ಪ್ರತಿಮೆ ನಿಲ್ಲಿಸಲು ಕಟ್ಟೆ ಕಟ್ಟುವ ಕೆಲಸ ನಮ್ಮ ಪಾಲಿಗೆ ಬಂತು. ಪ್ರತಿಮೆಗೆ ಮೂಲವಾದ ಫೋಟೋವನ್ನು ಕಟ್ಟೆಯ ಪಕ್ಕ ದೊಡ್ಡದಾಗಿ ಹಾಕಿದ್ದರು. ಹೊಲದಲ್ಲಿ ಮಂಡಿಯೂರಿದ ಹುಡುಗಿ. ಮೊಣಕಾಲಿಗೆ ಗೋಣಿಚೂರು ಸುತ್ತಿಕೊಂಡು ಕ್ಯಾಮೆರಾವನ್ನು ದುರುಗುಟ್ಟಿ ನೋಡುತ್ತಿದ್ದಾಳೆ. ಕೆಳಗೆ ಬರೆದಿತ್ತು: ‘ಈ ನೆಲದ ತಾಯಿ, ತ್ರೀನಾ ಬೂನ್‌ಸ್ಟ್ರಾ.’

ಚಿಕ್ಕಮ್ಮ ಶಾಲೆಯ ಅಡುಗೆಮನೆಯಲ್ಲಿ ಕೆಲಸದಲ್ಲಿದ್ದಳು. ಅಲ್ಲಿಂದಲೇ ಕರೆದುಕೊಂಡು ಬಂದೆ. ತುಂಬ ಹೊತ್ತು ನೋಡಿದಳು.

“ಇದು ನಾನೇ ಕಣೋ ಚೆಮ. ಪೇಪರಿನೋನೊಬ್ಬ ಬಂದು ತೆಗೆದಿದ್ದ. ಹದಿನೈದು ವರ್ಷ ನಂಗೆ. ನಗು ಅಂದ, ನಗಲಿಲ್ಲ.”

ಮಂಗಳವಾರ ಇಬ್ಬರೂ ಶತಮಾನೋತ್ಸವ ಕಮಿಟಿಯ ಮುಂದೆ ಹೋದೆವು. ಐದು ಜನ, ನಡುವೆ ಒಂದು ತಟ್ಟೆ ಬಿಸ್ಕತ್ತು. ಅಧ್ಯಕ್ಷೆ ಹೆನ್ರಿಯೆಟಾ ಬೂನ್‌ಸ್ಟ್ರಾ, ತ್ರೀನಾಳ ಮೊಮ್ಮಗಳು. ಬಹಳ ಮರ್ಯಾದಸ್ತೆ. ಚಿಕ್ಕಮ್ಮನಿಗೆ ತಾವೇ ಕುರ್ಚಿ ಎಳೆದುಕೊಟ್ಟರು.

“ಫೋಟೋದಲ್ಲಿರೋದು ನಾನು,” ಎಂದಳು ಚಿಕ್ಕಮ್ಮ.

“ಅದು ನಮ್ಮಜ್ಜಿ ಅಂತ ಫೋಟೋದ ಹಿಂದೆ ಬರೆದಿದೆಯಲ್ಲಮ್ಮ.”

“ಯಾರು ಬರೆದಿದ್ದು?”

“ನಾವೇ. ಹೋದ ವರ್ಷ.”

“ಯಾಕೆ?”

“ಹೊಲ ನಮ್ಮದು. ಹೊಲದಲ್ಲಿರೋರೂ ನಮ್ಮೋರೇ ಆಗಿರಬೇಕಲ್ವಾ?”

“ತ್ರೀನಮ್ಮನಿಗೆ ಆಗ ಐವತ್ತು ದಾಟಿತ್ತು. ಬಿಸಿಲು ಅಂದ್ರೆ ಆಗ್ತಿರಲಿಲ್ಲ. ಅವರು ಹೊಲಕ್ಕೆ ಇಳಿದಿದ್ದನ್ನ ನಾನಂತೂ ಕಂಡಿಲ್ಲ.”

“ಆ ಕಾಲದ ಹೆಂಗಸರು ವಯಸ್ಸಿಗಿಂತ ಚಿಕ್ಕವರಾಗಿ ಕಾಣ್ತಿದ್ರು,” ಎಂದರು ಇನ್ನೊಬ್ಬ ಸದಸ್ಯರು, ಹಲ್ಲಿನ ಡಾಕ್ಟರು. “ಕಷ್ಟಪಟ್ಟು ದುಡೀತಿದ್ರಲ್ಲ.”

“ಬಣ್ಣ?” ನಾನು ಬಾಯಿ ಹಾಕಿದೆ.

“ಬಿಸಿಲಿಗೆ ಕಪ್ಪಾಗಿದ್ದಾರೆ.”

“ಬಿಸಿಲಿಗೆ ಇಳೀತಿರಲಿಲ್ಲ ಅಂತ ಈಗ ತಾನೆ...”

“ಅದು ಇವರು ಹೇಳಿದ್ದು. ನಾವು ಹೇಳಿಲ್ಲ.”

ಆಮೇಲೆ ಕಾಗದ ಕೇಳಿದರು. ಆ ವರ್ಷ ಊರಿನಲ್ಲಿ ವಾಸವಿದ್ದದ್ದಕ್ಕೆ ಪುರಾವೆ? ಕೊಟ್ಟಿಗೆಯಲ್ಲಿ ಇದ್ದೆವು ಎಂದಳು. ನಗರಸಭೆಯ ನಕ್ಷೆ ತರಿಸಿ ನೋಡಿದರು. ಅದರಲ್ಲಿ ಕೊಟ್ಟಿಗೆಗಳಿದ್ದವು. ‘ಈರುಳ್ಳಿ ದಾಸ್ತಾನು, ನಿರ್ಜನ’ ಎಂದಿತ್ತು.

“ಅದೇ ವಯಸ್ಸಿನ ಇನ್ನೊಂದು ಫೋಟೋ ಇದ್ರೆ ತನ್ನಿ. ಹೋಲಿಸಿ ನೋಡೋಣ.”

“ನಂದು ಇರೋದು ಇದೊಂದೇ.”

“ಇದು ಆಗಲ್ಲ. ಇದು ತ್ರೀನಾ ಅವರದು.”

ಚಿಕ್ಕಮ್ಮ ಕೊನೆಗೆ ಎಡಗೈ ಎತ್ತಿ ಮೇಜಿನ ಮೇಲೆ ಇಟ್ಟಳು. ಬಿಸ್ಕತ್ತಿನ ತಟ್ಟೆಯ ಪಕ್ಕಕ್ಕೆ. “ಫೋಟೋದಲ್ಲಿ ನೋಡಿ. ಈ ಬೆರಳು ಅರ್ಧ.”

ಎಲ್ಲರೂ ಮೇಜಿನ ಮೇಲಿದ್ದ ಮೂಲ ಫೋಟೋವನ್ನು ಬಗ್ಗಿ ನೋಡಿದರು. ಫೋಟೋದಲ್ಲಿ ಬೆರಳು ಅರ್ಧವೇ ಇತ್ತು. ಆಗ ಹಲ್ಲಿನ ಡಾಕ್ಟರು ಎದ್ದು, ಮೂಲೆಯಲ್ಲಿ ಬಟ್ಟೆ ಹೊದಿಸಿಟ್ಟಿದ್ದ ಪ್ರತಿಮೆಯ ಕೈ ತೆರೆದು ತೋರಿಸಿದರು. ಐದೂ ಬೆರಳು ಪೂರ್ತಿ ಇದ್ದವು. ಫೋಟೋ ಸವೆದಿದೆ ಎಂದುಕೊಂಡು ಶಿಲ್ಪಿ ಸರಿಪಡಿಸಿದ್ದನಂತೆ.

“ಪ್ರತಿಮೆಗೆ ಐದು ಬೆರಳು. ಇವರಿಗೆ ನಾಲ್ಕೂವರೆ,” ಎಂದರು ಡಾಕ್ಟರು, ಬೇಸರದಿಂದಲೇ. “ಹೊಂದಾಣಿಕೆ ಆಗ್ತಿಲ್ಲ.”

ಓಟಿಗೆ ಹಾಕಿದರು. ಡೆಲ್ಫಿನಾ ಓರ್ನೆಲಾಸ್ ಅವರು ಫೋಟೋದಲ್ಲಿನ ಡೆಲ್ಫಿನಾ ಓರ್ನೆಲಾಸ್ ಅಲ್ಲವೆಂದು ಮೂರು ಓಟು. ಹೌದೆಂದು ಎರಡು. ಠರಾವು ಪಾಸಾಯಿತು.

ಹೊರಗೆ ಬಂದ ಮೇಲೆ ನಾನು ಹಲ್ಲು ಕಡಿಯುತ್ತಿದ್ದೆ. ಚಿಕ್ಕಮ್ಮ ಮೆಟ್ಟಿಲ ಮೇಲೆ ಕೂತು ಮೊಣಕಾಲು ನೀವಿಕೊಂಡಳು.

“ಎರಡು ಓಟು ಬಿತ್ತು ಬಿಡೋ. ನಿಮ್ಮ ಚಿಕ್ಕಪ್ಪ ಮೂವತ್ತು ವರ್ಷ ಜೊತೇಲಿದ್ದೂ ನಾನು ಹೇಳಿದ್ದು ಒಂದೂ ನಂಬಲಿಲ್ಲ.”

ನಕ್ಕಳು. ಆಮೇಲೆ ಅಂಗೈಯಿಂದ ಕಣ್ಣೊರೆಸಿಕೊಂಡಳು. ಅವಳು ಅತ್ತದ್ದನ್ನು ನಾನು ನೋಡಿದ್ದು ಅದೊಂದೇ ಸಲ.

ವಾರದ ನಂತರ ಹೆನ್ರಿಯೆಟಾ ಅವರೇ ಚಿಕ್ಕಮ್ಮನ ಮನೆಗೆ ಬಂದರು. ಮನಸ್ಸಿಗೆ ಬಹಳ ಕಸಿವಿಸಿಯಾಗಿತ್ತಂತೆ. ಮೆರವಣಿಗೆಯಲ್ಲಿ ಒಂದು ಗಾಡಿಯ ಮೇಲೆ ತ್ರೀನಾ ಅಜ್ಜಿಯ ವೇಷ ಹಾಕುವವರು ಬೇಕಿತ್ತು.

“ನೀವು ಅವರನ್ನ ಎಷ್ಟು ಹೋಲ್ತೀರಿ ಅಂದ್ರೆ, ನಂಗೇ ಆಶ್ಚರ್ಯ ಆಯ್ತು,” ಎಂದರು.

ಚಿಕ್ಕಮ್ಮ ಒಪ್ಪಿಕೊಂಡಳು. ಅವರು ಹೋದ ಮೇಲೆ ನಾನು ಕೇಳಿದೆ.

“ನಾಚಿಕೆ ಆಗಲ್ವಾ ನಿಂಗೆ?”

“ಕೂರೋಕೆ ಒಂದು ಜಾಗ ಕೊಟ್ಟಿದಾರೆ. ಕೂರ್ತೀನಿ. ಗಾಡಿ ಎಳೆಯೋ ಟ್ರ್ಯಾಕ್ಟರ್ ಯಾರು ಓಡಿಸ್ತಾರೆ?”

“ನಾನೇ.”

“ಒಳ್ಳೇದಾಯ್ತು,” ಎಂದಳು.

ಮೆರವಣಿಗೆಯ ದಿನ ಅವಳಿಗೆ ಬಿಳಿ ಟೋಪಿ ಕಟ್ಟಿದರು, ಮರದ ಪಾದರಕ್ಷೆ ತೊಡಿಸಿದರು. ಕೈಗೆ ಮೈಕು ಕೊಟ್ಟರು, ಓದಲು ಒಂದು ಚೀಟಿ ಕೊಟ್ಟರು. ನಮ್ಮ ಮುಂದೆ ಶಾಲೆಯ ಬ್ಯಾಂಡು. ಹಿಂದೆ ಅಗ್ನಿಶಾಮಕ ವಾಹನ. ಪಕ್ಕದಲ್ಲಿ ಈರುಳ್ಳಿ ವೇಷದ ಒಬ್ಬರು ಕುಣಿಯುತ್ತ ಬರುತ್ತಿದ್ದರು. ಸಭಾಭವನದ ಎದುರು, ಕಟ್ಟೆಯೇರಿದ್ದ ಪ್ರತಿಮೆಯ ಪಕ್ಕ ಮೇಯರ್ ಕೂತಿದ್ದ ವೇದಿಕೆಯ ಮುಂದೆ ಗಾಡಿ ನಿಲ್ಲಿಸಬೇಕೆಂದು ಹೇಳಿದ್ದರು. ನಿಲ್ಲಿಸಿದೆ.

ಚಿಕ್ಕಮ್ಮ ಚೀಟಿ ಓದಿದಳು. “‘ನಾನು ತ್ರೀನಾ ಬೂನ್‌ಸ್ಟ್ರಾ. ಈ ನೆಲವನ್ನು ನನ್ನ ಕೈಯಾರೆ ಹಸನು ಮಾಡಿದೆ.’” ಚೀಟಿ ಮಡಿಸಿದಳು. “ಎರಡನೇ ಮಾತು ನಿಜ. ಮೊದಲನೇದು ಕಮಿಟಿಯವರದ್ದು. ಕೊಟ್ಟಿಗೇಲಿ ಇದ್ದೋರು ಇಲ್ಲಿ ಯಾರಾದ್ರೂ ಇದೀರಾ?”

ಚಪ್ಪಾಳೆ ತಟ್ಟಬೇಕೋ ಬೇಡವೋ ಎಂದು ಕೆಲವರು ಅರ್ಧ ತಟ್ಟಿ ಬಿಟ್ಟರು. ಆಗ ರಸ್ತೆ ಬದಿಯಲ್ಲಿ ಮಡಿಸುವ ಕುರ್ಚಿ ಹಾಕಿ ಕೂತಿದ್ದ ಮುದುಕ ಬಾಲ್ಡೆಮಾರ್ ಎದ್ದ. ಊರಿನ ಅರ್ಧ ಮನೆಗಳಿಗೆ ಚಾವಣಿ ಹಾಕಿದವನು.

“ಮೂರನೇ ಕೊಟ್ಟಿಗೆ,” ಎಂದ. ಕುರ್ಚಿ ಸಮೇತ ಗಾಡಿ ಹತ್ತಿದ.

ಆಚೆಯಿಂದ ಇಬ್ಬರು ಅಕ್ಕತಂಗಿಯರು ಬಂದರು. ನಗರಸಭೆ ಕಚೇರಿಯ ನೆಲ ಒರೆಸುವವರು. “ಒಂದನೇದು.” ಈರುಳ್ಳಿ ವೇಷದವರು ಕುಣಿತ ನಿಲ್ಲಿಸಿ ತಲೆಯ ಭಾಗ ಕಳಚಿದರು. ಒಳಗಿದ್ದದ್ದು ನಮ್ಮ ಹೊವೀತಾ, ಬೆವರಿಳಿಯುವ ಮುಖ.

“ನಂದೂ ಒಂದನೇದೇ. ಯಾರಾದ್ರೂ ಮೇಲೆ ಎತ್ತಿ, ಈ ಈರುಳ್ಳಿ ಹೊಟ್ಟೆ ಇಟ್ಕೊಂಡು ಹತ್ತೋಕಾಗಲ್ಲ.”

ಮೂವರು ಸೇರಿ ಎತ್ತಿದರು. ಲೆಕ್ಕ ಹಾಕಿದವರು ಆಮೇಲೆ ಮೂವತ್ತೊಂದು ಜನ ಎಂದರು. ಗಾಡಿಯ ಟೈರು ಅಪ್ಪಚ್ಚಿಯಾಯಿತು. ಹಿಂದಿನ ವಾಹನದವನು ಸೈರನ್ ಒತ್ತಿದ. ಮುಂದಿನ ಬ್ಯಾಂಡಿನವರು ಏನೂ ತಿಳಿಯದೆ ಬಾರಿಸುತ್ತ ಬಾರಿಸುತ್ತ ದೂರ ಹೋಗಿಬಿಟ್ಟರು.

ಮೇಯರ್ ವೇದಿಕೆ ಇಳಿದು ಬಂದ. “ದಯವಿಟ್ಟು ಕೆಳಗಿಳೀರಮ್ಮ.”

“ಯಾರಿಗೆ ಹೇಳ್ತಿದೀರಿ?”

“ನಿಮಗೇ.”

“ನಾನು ತ್ರೀನಾ ಬೂನ್‌ಸ್ಟ್ರಾ. ಡೆಲ್ಫಿನಾ ಅಲ್ಲ ಅಂತ ನಿಮ್ಮದೇ ಠರಾವು, ತ್ರೀನಾ ಅಂತ ನಿಮ್ಮದೇ ಚೀಟಿ. ಈ ನೆಲದ ತಾಯೀನ ಗಾಡಿಯಿಂದ ಇಳಿಸ್ತೀರಾ?”

ಮೇಯರ್ ಹೆನ್ರಿಯೆಟಾ ಅವರ ಕಡೆ ನೋಡಿದ. ಅವರು ಪ್ರತಿಮೆಯ ಕಡೆ ನೋಡುತ್ತಿದ್ದರು.

“ಸರಿ. ನೀವು ಕೂತಿರಿ. ಉಳಿದೋರು ಇಳೀಲಿ.”

“ಉಳಿದೋರು ಅಂದ್ರೆ ಯಾರು?” ಬಾಲ್ಡೆಮಾರ್ ಕುರ್ಚಿಯಲ್ಲಿ ಆರಾಮವಾಗಿ ಕೂತೇ ಕೇಳಿದ. “ಹೆಸರು ಹಿಡಿದು ಕರೀರಿ. ಇಳೀತೀನಿ.”

ಮೇಯರ್ ಒಬ್ಬೊಬ್ಬರ ಮುಖವನ್ನೂ ನೋಡಿದ. ತನ್ನ ಚಾವಣಿ ಹಾಕಿದವನು. ತನ್ನ ಕಚೇರಿ ಒರೆಸುವವರು. ತನ್ನ ತಾಯಿಗೆ ವೃದ್ಧಾಶ್ರಮದಲ್ಲಿ ಸ್ನಾನ ಮಾಡಿಸುವ ಹೊವೀತಾ. ಮುಖಗಳೆಲ್ಲ ಗೊತ್ತಿದ್ದವು. ಸೈರನ್ ನಿಂತಿತು. ಜನ ಕಾದರು.

ಕೊನೆಗೆ ಅವನು ಜೇಬಿನಿಂದ ಪೆನ್ನು ತೆಗೆದ. ತನ್ನ ಭಾಷಣದ ಹಾಳೆಯನ್ನು ತಿರುವಿ ಹಾಕಿ, ಗಾಡಿಯ ಅಂಚಿನ ಮೇಲೆ ಇಟ್ಟುಕೊಂಡ.

“ಹೇಳಿ.”

“ಬಾಲ್ಡೆಮಾರ್ ಸಿಸ್ನೆರೋಸ್.”

“ಇನ್ನೊಂದು ಸಲ ಹೇಳ್ತೀರಾ?”

“ನಿಮಗೆ ಬರೋವರೆಗೂ ಹೇಳ್ತೀನಿ,” ಎಂದ ಮುದುಕ. “ಬರ್ಕೊಳ್ಳಿ.”

ನಾನು ಟ್ರ್ಯಾಕ್ಟರಿನ ಎಂಜಿನ್ ಆರಿಸಿ ಕೆಳಗಿಳಿದು, ನನ್ನ ಹೆಸರನ್ನೂ ಬರೆಸಲು ಗಾಡಿ ಹತ್ತಿದೆ.